ಜಗನ್ಮೋಹನ ಅರಮನೆಯ ಚಿತ್ರಶಾಲೆ: ಮೊದಲ ಸಲ ಹೋಗುವವರು ಏನು ನೋಡಬೇಕು, ಹೇಗೆ ನೋಡಬೇಕು

"ಅರಮನೆ ಆಯ್ತು, ಬೆಟ್ಟ ಆಯ್ತು, ಝೂ ಆಯ್ತು. ಜಗನ್ಮೋಹನ ನೋಡಲೇಬೇಕಾ?" ರಜೆ ಶುರುವಾದರೆ ಸಾಕು, ಮೈಸೂರಿಗೆ ಬರುವವರಿಂದ ಈ ಪ್ರಶ್ನೆ ಬರುತ್ತಲೇ ಇರುತ್ತದೆ. ಮಂಡ್ಯ ಕಡೆಯ ಮೇಷ್ಟ್ರುಗಳು ಕೇಳುವುದು ಸ್ವಲ್ಪ ಬೇರೆ. ಮಕ್ಕಳನ್ನು ಕರೆದುಕೊಂಡು ಬಂದರೆ ಒಳಗೆ ಏನು ತೋರಿಸೋದು, ಎಷ್ಟು ಹೊತ್ತು ಬೇಕು, ಬೇಜಾರಾಗಲ್ವಾ? ಒಬ್ಬೊಬ್ಬರಿಗೆ ಬೇರೆ ಬೇರೆ ಬರೆಯುವ ಬದಲು ಎಲ್ಲ ಇಲ್ಲೇ ಹೇಳಿಬಿಡುತ್ತೇನೆ.

ಖಂಡಿತ ನೋಡಿ. ಆದರೆ ಎಲ್ಲವನ್ನೂ ನೋಡಲು ಹೋಗಬೇಡಿ. ಒಳಗೆ ಹೋದ ಬಹುಪಾಲು ಜನ ಸಾಲು ಹಿಡಿದು ನಡೆಯುತ್ತಾರೆ, ದೀಪ ಹಿಡಿದ ಹೆಂಗಸಿನ ಚಿತ್ರದ ಮುಂದೆ ಒಂದು ನಿಮಿಷ ನಿಲ್ಲುತ್ತಾರೆ, ಹೊರಗೆ ಬಂದು "ಚೆನ್ನಾಗಿದೆ, ಆದ್ರೆ ಏನೂ ಅರ್ಥ ಆಗಲಿಲ್ಲ" ಅನ್ನುತ್ತಾರೆ. ಅವರದ್ದು ತಪ್ಪಲ್ಲ. ಚಿತ್ರಗಳ ಪಕ್ಕದ ಚೀಟಿಯಲ್ಲಿ ಹೆಸರು ಬಿಟ್ಟರೆ ಜಾಸ್ತಿ ಏನೂ ಇರುವುದಿಲ್ಲ. ಕಾಲಕ್ರಮದಲ್ಲಿ ಜೋಡಿಸಿಯೂ ಇಲ್ಲ. ಹಾಗಾಗಿ ಕ್ರಮವನ್ನು ನೀವೇ ತಲೆಯಲ್ಲಿ ಇಟ್ಟುಕೊಂಡು ಹೋಗಬೇಕು. ಮೊದಲು ಮೈಸೂರಿನ ಹಳೆಯ ಶೈಲಿ, ಆಮೇಲೆ ರವಿವರ್ಮ, ಕೊನೆಗೆ ಜಲವರ್ಣ. ಇಷ್ಟು ಗೊತ್ತಿದ್ದರೆ ಎರಡು ಗಂಟೆ ಆರಾಮಾಗಿ ಸಾಕು.

1. ಹೊರಡುವ ಮುಂಚೆ

ಹಗಲು ಬೆಳಕಿನಲ್ಲೇ ಹೋಗಿ. ಇದು ಚಿತ್ರ ಇಡಲೆಂದು ಕಟ್ಟಿದ ಕಟ್ಟಡ ಅಲ್ಲ, ಜನ ವಾಸ ಮಾಡಲು ಕಟ್ಟಿದ ಅರಮನೆ. ಕಿಟಕಿಯಿಂದ ಬರುವ ಬೆಳಕೇ ಬಹಳ ಕಡೆ ಆಧಾರ. ಸಂಜೆ ಮುಚ್ಚುವ ಹೊತ್ತಿಗೆ ಓಡಿ ಬಂದರೆ ದೊಡ್ಡ ತೈಲವರ್ಣದ ಚಿತ್ರಗಳು ಕಪ್ಪು ಹಲಗೆಯಂತೆ ಕಾಣುತ್ತವೆ. (ತೈಲವರ್ಣ ಅಂದರೆ ಎಣ್ಣೆಯಲ್ಲಿ ಕಲಸಿದ ಬಣ್ಣ, ಸಾಮಾನ್ಯವಾಗಿ ಬಟ್ಟೆಯ ಮೇಲೆ ಬರೆದದ್ದು.)

ಕೆ.ಆರ್. ಸರ್ಕಲ್ಲಿನ ಸಿಟಿ ಬಸ್ ಸ್ಟ್ಯಾಂಡಿನಿಂದ ನಡೆದೇ ಹೋಗಬಹುದು. ದೊಡ್ಡ ಅರಮನೆಯ ಪಶ್ಚಿಮಕ್ಕೆ, ಪರಕಾಲ ಮಠದ ಹತ್ತಿರ. ರೈಲ್ವೆ ಸ್ಟೇಷನ್ನಿನಿಂದಲೂ ಅಂಥ ದೂರವೇನಲ್ಲ. ಆಟೋ ಹತ್ತಿದರೆ ಒಂದು ಎಚ್ಚರಿಕೆ. "ಅದು ಇವತ್ತು ಬಂದ್ ಸಾರ್, ಬನ್ನಿ ಒಳ್ಳೆ ರೇಷ್ಮೆ ಅಂಗಡಿ ತೋರಿಸ್ತೀನಿ" ಅನ್ನುವವರು ಸಿಗುತ್ತಾರೆ. ಬಂದ್ ಆಗಿದೆಯೋ ಇಲ್ಲವೋ ಅನ್ನುವುದನ್ನು ಗೇಟಿನ ಹತ್ತಿರ ಹೋಗಿಯೇ ನೋಡಿ. ದೂರದಿಂದ ಬರುವವರು ಹಿಂದಿನ ದಿನವೇ ಒಂದು ಫೋನ್ ಮಾಡಿ ಸಮಯ ಕೇಳಿಕೊಳ್ಳುವುದು ಒಳ್ಳೆಯದು. ಹಳೆಯ ಕಟ್ಟಡ ಅಂದಮೇಲೆ ರಿಪೇರಿ ಇದ್ದೇ ಇರುತ್ತದೆ, ಆಗ ಕೆಲವು ಕೋಣೆ ಮುಚ್ಚಿರುತ್ತಾರೆ. ಟಿಕೆಟ್ ಕೌಂಟರಿನಲ್ಲೇ "ಇವತ್ತು ಯಾವ ಮಹಡಿ ತೆರೆದಿದೆ, ರವಿವರ್ಮನ ಚಿತ್ರ ಎಲ್ಲಿದೆ" ಅಂತ ಕೇಳಿಬಿಡಿ. ಆಮೇಲೆ ಒಳಗೆ ಹುಡುಕಾಡುವುದು ತಪ್ಪುತ್ತದೆ.

ಫೋಟೋ ತೆಗೆಯಲು ಬಿಡುವುದಿಲ್ಲ ಅಂತಲೇ ಅಂದುಕೊಂಡು ಹೋಗಿ. ಫೋನ್ ಜೇಬಿನಲ್ಲಿರಲಿ. ಸಣ್ಣ ನೋಟ್‌ಬುಕ್ಕು, ಪೆನ್ಸಿಲ್ ಇದ್ದರೆ ಚೆನ್ನ. ಮೆಟ್ಟಿಲು ಹತ್ತಬೇಕಾದ್ದರಿಂದ ಮಂಡಿನೋವಿನ ಹಿರಿಯರಿದ್ದರೆ ಮೊದಲು ಕೆಳಗಿನದ್ದನ್ನು ನಿಧಾನವಾಗಿ ನೋಡಿಸಿ, ಮೇಲಿನದ್ದನ್ನು ಅವರ ಕಾಲಿಗೆ ಬಿಡಿ.

2. ಒಳಗೆ ಹೋಗುವ ಮುಂಚೆ ಕಟ್ಟಡ ನೋಡಿ

ಎಲ್ಲರೂ ಟಿಕೆಟ್ ತೆಗೆದುಕೊಂಡು ಸೀದಾ ಒಳಗೆ ನುಗ್ಗುತ್ತಾರೆ. ಐದು ನಿಮಿಷ ಅಂಗಳದಲ್ಲಿ ನಿಲ್ಲಿ. ಮುಮ್ಮಡಿ ಕೃಷ್ಣರಾಜ ಒಡೆಯರು ಈ ಅರಮನೆ ಕಟ್ಟಿಸಿದ್ದು 1861ರಲ್ಲಿ. ಈಗ ಎದುರಿಗೆ ಕಾಣುವ ಕೆತ್ತನೆಯ ಮುಂಭಾಗ, ಅದರ ಹಿಂದಿನ ದೊಡ್ಡ ಸಭಾಂಗಣ ಆಗಿನವಲ್ಲ. ಅವು 1900ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಮದುವೆಯ ಹೊತ್ತಿಗೆ ಸೇರಿಕೊಂಡವು. ಚಿತ್ರಶಾಲೆ ಇರುವುದು ಹಿಂದಿನ ಹಳೆಯ ಮಹಡಿ ಕಟ್ಟಡದಲ್ಲಿ. ಸಭಾಂಗಣ ನೋಡಿ "ಇಷ್ಟೇನಾ" ಅಂತ ವಾಪಸ್ ಹೋಗುವವರೂ ಇದ್ದಾರೆ!

ಮದುವೆ ಇಲ್ಲೇಕೆ ನಡೆಯಿತು? 1897ರಲ್ಲಿ ರಾಜಕುಮಾರಿ ಜಯಲಕ್ಷ್ಮಮ್ಮಣ್ಣಿಯವರ ಮದುವೆಯ ಸಮಯದಲ್ಲಿ ಕೋಟೆಯೊಳಗಿದ್ದ ಹಳೆಯ ಮರದ ಅರಮನೆಗೆ ಬೆಂಕಿ ಬಿತ್ತು. ನಾವೀಗ ದೀಪಾಲಂಕಾರ ನೋಡುವ ಅರಮನೆ ಮುಗಿಯುವ ತನಕ, ಅಂದರೆ 1912ರವರೆಗೆ, ರಾಜಮನೆತನ ಇದ್ದದ್ದು ಜಗನ್ಮೋಹನದಲ್ಲಿ. 1902ರ ಆಗಸ್ಟಿನಲ್ಲಿ ವೈಸ್‌ರಾಯ್ ಲಾರ್ಡ್ ಕರ್ಜನ್ ಬಂದು ನಾಲ್ವಡಿಯವರಿಗೆ ಅಧಿಕಾರ ಒಪ್ಪಿಸಿದ ಸಮಾರಂಭ ನಡೆದದ್ದೂ ಇಲ್ಲಿಯೇ. ಹೊಸ ಅರಮನೆಗೆ ಹೋದಮೇಲೆ ಖಾಲಿಯಾದ ಈ ಮನೆ 1915ರಲ್ಲಿ ಚಿತ್ರಶಾಲೆಯಾಯಿತು. 1955ರಲ್ಲಿ ಶ್ರೀ ಜಯಚಾಮರಾಜೇಂದ್ರ ಆರ್ಟ್ ಗ್ಯಾಲರಿ ಅಂತ ಹೆಸರಾಯಿತು.

ಇದು ಯಾಕೆ ಮುಖ್ಯ ಅಂದರೆ, ಒಳಗಿನ ಕೋಣೆಗಳು ವಾಸದ ಕೋಣೆಗಳು. ಕೆಲವು ಕಡೆ ಐದಡಿ ಹಿಂದೆ ಸರಿಯಲೂ ಜಾಗ ಇಲ್ಲ. ದೊಡ್ಡ ಚಿತ್ರಕ್ಕೆ ಗಾಜು ಹಾಕಿದ್ದರೆ ಎದುರು ನಿಂತಾಗ ನಿಮ್ಮ ಮುಖ, ಹಿಂದಿನ ಕಿಟಕಿ ಎರಡೂ ಅದರಲ್ಲಿ ಕಾಣುತ್ತವೆ. ಉಪಾಯ ಸುಲಭ. ಕಿಟಕಿ ನಿಮ್ಮ ಬೆನ್ನಿಗೆ ಬೀಳದ ಹಾಗೆ ಒಂದು ಪಕ್ಕಕ್ಕೆ ಸರಿದು ಓರೆಯಾಗಿ ನೋಡಿ. ಮೊದಲು ಎಡದಿಂದ, ಆಮೇಲೆ ಬಲದಿಂದ. ಇಡೀ ಚಿತ್ರ ತುಂಡು ತುಂಡಾಗಿಯಾದರೂ ಕಣ್ಣಿಗೆ ಸಿಗುತ್ತದೆ.

3. ರಾಜರ ಹೆಸರು ಬರೆದಿಟ್ಟುಕೊಳ್ಳಿ

ಒಳಗೆ ಭಾವಚಿತ್ರಗಳು ಬಹಳ. ಯಾರು ಯಾರು ಅಂತ ಗೊತ್ತಿಲ್ಲದಿದ್ದರೆ ಎಲ್ಲ ಪೇಟಗಳೂ ಒಂದೇ. ಇಷ್ಟು ಸಾಕು: ಮುಮ್ಮಡಿ ಕೃಷ್ಣರಾಜ ಒಡೆಯರು, ಟಿಪ್ಪು ಸತ್ತಮೇಲೆ 1799ರಲ್ಲಿ ಚಿಕ್ಕ ಹುಡುಗನಾಗಿ ಪಟ್ಟಕ್ಕೆ ಬಂದವರು, 1868ರಲ್ಲಿ ತೀರಿಕೊಂಡರು. ಅವರ ನಂತರ ಚಾಮರಾಜೇಂದ್ರ ಒಡೆಯರು, ಬ್ರಿಟಿಷರು 1881ರಲ್ಲಿ ರಾಜ್ಯ ವಾಪಸ್ ಕೊಟ್ಟದ್ದು ಇವರಿಗೆ. ಇವರು 1894ರಲ್ಲಿ ಹೋದಾಗ ಮಗ ಇನ್ನೂ ಚಿಕ್ಕವರು. ಆಗ ರಾಜ್ಯ ನೋಡಿಕೊಂಡವರು ಮಹಾರಾಣಿ ಕೆಂಪನಂಜಮ್ಮಣ್ಣಿ, ವಾಣಿವಿಲಾಸ ಸನ್ನಿಧಾನ ಅಂದರೆ ಇವರೇ. ಆಮೇಲೆ ನಾಲ್ವಡಿಯವರು 1940ರ ತನಕ. ಕೊನೆಗೆ ಜಯಚಾಮರಾಜ ಒಡೆಯರು.

ಇಲ್ಲಿ ಎಲ್ಲರೂ ಎಡವುವುದು ಎರಡು ಕೃಷ್ಣರಾಜರ ನಡುವೆ. ಕನ್ನಂಬಾಡಿ ಕಟ್ಟೆ ಕಾಲದವರು ನಾಲ್ವಡಿ, ಈ ಮನೆ ಕಟ್ಟಿಸಿದವರು ಮುಮ್ಮಡಿ.

4. ಮೊದಲು ಮೈಸೂರು ಶೈಲಿ, ಹತ್ತಿರದಿಂದ

ಇಲ್ಲಿ ಗೋಡೆಯ ಮೇಲೇ ಬರೆದ ಚಿತ್ರಗಳಿವೆ. ಒಡೆಯರ ವಂಶವನ್ನು ಕಮಲದ ಆಕಾರದಲ್ಲಿ, ಎಸಳು ಎಸಳಾಗಿ ಜೋಡಿಸಿದ ಸಂತಾನಾಂಬುಜ ಅದರಲ್ಲಿ ಒಂದು. ರಂಗಮಹಲ್ ಅನ್ನುವ ಕೋಣೆ ತೆರೆದಿದ್ದರೆ ಬಿಡಲೇಬೇಡಿ. ಮುಮ್ಮಡಿಯವರಿಗೆ ಪಗಡೆ, ಚದುರಂಗ, ಗಂಜೀಫಾ (ಕೈಯಲ್ಲಿ ಬಣ್ಣ ಬರೆದು ಮಾಡಿದ ಹಳೆಯ ಕಾಲದ ಇಸ್ಪೀಟು) ಅಂದರೆ ಪ್ರಾಣ. ಶ್ರೀತತ್ತ್ವನಿಧಿ ಅನ್ನುವ ತಮ್ಮ ಗ್ರಂಥದಲ್ಲಿ ಕೌತುಕನಿಧಿ ಅಂತ ಒಂದು ಭಾಗವನ್ನೇ ಆಟಗಳಿಗೆ ಮೀಸಲಿಟ್ಟವರು. ಆ ಹುಚ್ಚು ಗೋಡೆಗೂ ಹತ್ತಿದೆ, ಆಟದ ಹಾಸುಗಳನ್ನೇ ಗೋಡೆಯ ಮೇಲೆ ಬರೆಸಿದ್ದಾರೆ.

ಇನ್ನು ಚೌಕಟ್ಟಿನಲ್ಲಿರುವ ಮೈಸೂರು ಸಾಂಪ್ರದಾಯಿಕ ಚಿತ್ರಗಳು. ಇವನ್ನು ದೂರದಿಂದ ನೋಡಿದರೆ ಪೂಜೆ ಕೋಣೆಯ ಪಟ ಅನ್ನಿಸಿಬಿಡುತ್ತದೆ. ಹತ್ತಿರ ಹೋಗಿ. ಕಿರೀಟ, ಒಡವೆ, ಸೀರೆಯ ಅಂಚು, ಸಿಂಹಾಸನದ ಕಂಬ ಇವೆಲ್ಲ ಬಣ್ಣದ ಮಟ್ಟಕ್ಕಿಂತ ಕೂದಲೆಳೆಯಷ್ಟು ಮೇಲೆದ್ದಿರುತ್ತವೆ. ಇದನ್ನು ಗೆಸ್ಸೊ ಕೆಲಸ ಅನ್ನುತ್ತಾರೆ. ಬಿಳಿ ಪುಡಿ, ಅಂಟು, ಒಂದು ಮರದ ಹಳದಿ ಹಾಲು ಸೇರಿಸಿ ಅರೆದ ಸರಿಯನ್ನು ಕುಂಚದ ತುದಿಯಿಂದ ಚುಕ್ಕಿ ಚುಕ್ಕಿಯಾಗಿ ಇಟ್ಟು, ಅದರ ಮೇಲೆ ಚಿನ್ನದ ರೇಕು ಅಂಟಿಸಿ, ತೆಳು ಕಾಗದ ಇಟ್ಟು ನುಣುಪು ಕಲ್ಲಿನಿಂದ ಉಜ್ಜುವುದು. ಮೊದಲ ಗೆರೆಗೆ ಹುಣಸೆ ಕಡ್ಡಿ ಸುಟ್ಟ ಇದ್ದಿಲು.

"ತಂಜಾವೂರು ಪೇಂಟಿಂಗ್ ಥರಾನೇ ಅಲ್ವಾ?" ಅನ್ನುತ್ತಾರೆ. ಅಲ್ಲ. ತಂಜಾವೂರಿನದ್ದು ದಪ್ಪಗೆ ಉಬ್ಬಿರುತ್ತದೆ, ಗಾಜು ಹರಳು ಕೂರಿಸುತ್ತಾರೆ, ಸಾಮಾನ್ಯವಾಗಿ ಮರದ ಹಲಗೆ. ಮೈಸೂರಿನದ್ದು ತೆಳು ಉಬ್ಬು, ಹರಳಿಲ್ಲ, ಗೆರೆ ಸೂಕ್ಷ್ಮ. ಪಕ್ಕಕ್ಕೆ ಬಗ್ಗಿ ಓರೆ ಬೆಳಕಿನಲ್ಲಿ ನೋಡಿದರೆ ವ್ಯತ್ಯಾಸ ತಾನಾಗಿ ಗೊತ್ತಾಗುತ್ತದೆ. ಒಂದೇ ಒಂದು ಚಿತ್ರ ಆರಿಸಿಕೊಂಡು ಹತ್ತು ನಿಮಿಷ ಕೊಡಿ, ಇಪ್ಪತ್ತಕ್ಕೆ ಅರ್ಧರ್ಧ ನಿಮಿಷ ಕೊಡುವುದಕ್ಕಿಂತ ವಾಸಿ. ಮುಟ್ಟಬೇಡಿ ಅಂತ ಬೇರೆ ಹೇಳಬೇಕಾಗಿಲ್ಲ ಅಂದುಕೊಂಡಿದ್ದೇನೆ. ಆದರೂ ಬೆರಳು ಹೋಗಿಯೇ ಹೋಗುತ್ತದೆ, ಹಾಗಾಗಿ ಕೈ ಹಿಂದೆ ಕಟ್ಟಿಕೊಳ್ಳಿ.

5. ರವಿವರ್ಮ: ಕ್ಯಾಲೆಂಡರ್ ಮರೆತು ನೋಡಿ

ಈ ಚಿತ್ರಶಾಲೆಗೆ ದೂರದೂರಿಂದ ಜನ ಬರುವುದು ಇವರಿಗಾಗಿ. ರಾಜಾ ರವಿವರ್ಮ (1848–1906) ಚಾಮರಾಜೇಂದ್ರ ಒಡೆಯರ ಆಹ್ವಾನದ ಮೇಲೆ 1885ರಲ್ಲಿ ಮೈಸೂರಿಗೆ ಬಂದಿದ್ದರು. ಕೊನೆಗಾಲದಲ್ಲಿ ನಾಲ್ವಡಿಯವರಿಗಾಗಿ ಪುರಾಣದ ಸರಣಿಯೊಂದನ್ನು ಬರೆದುಕೊಟ್ಟರು.

ಇಲ್ಲಿನ ಮೊದಲ ತೊಂದರೆ ನಮ್ಮ ಕಣ್ಣಿನದ್ದೇ. ರವಿವರ್ಮನ ದೇವರುಗಳನ್ನು ಕ್ಯಾಲೆಂಡರಿನಲ್ಲಿ, ಬೆಂಕಿಪೊಟ್ಟಣದ ಮೇಲೆ, ಅಜ್ಜಿ ಮನೆ ಗೋಡೆಯಲ್ಲಿ ನೋಡಿ ನೋಡಿ "ಇದು ಗೊತ್ತು" ಅಂತ ಮುಂದೆ ಹೋಗಿಬಿಡುತ್ತೇವೆ. ಮನೆಯಲ್ಲಿ ನೋಡಿದ್ದು ಓಲಿಯೋಗ್ರಾಫ್, ಅಂದರೆ ಕಲ್ಲಚ್ಚಿನಲ್ಲಿ ಒಂದೊಂದೇ ಬಣ್ಣ ಒತ್ತಿ ತೆಗೆದ ಪ್ರತಿ, ಅಥವಾ ಅದರ ನಕಲಿನ ನಕಲು. 1894ರಲ್ಲಿ ಮುಂಬೈಯಲ್ಲಿ ಅವರೇ ಹಾಕಿದ ಪ್ರೆಸ್ಸಿನಿಂದ ಶುರುವಾದ ಕಥೆ ಅದು. ಇಲ್ಲಿರುವುದು ಅವರ ಕೈಯ ಮೂಲ ಚಿತ್ರ. ಗಾತ್ರವೇ ಬೇರೆ.

ಮೂರು ಚಿತ್ರ ಹುಡುಕಿ.

ಮೊದಲನೆಯದು ಸಂಗೀತಗಾರ್ತಿಯರ ಗುಂಪು, 1889ರ ಸುಮಾರಿನದ್ದು. ಹನ್ನೊಂದು ಹೆಂಗಸರು, ಒಬ್ಬೊಬ್ಬರದು ಒಂದೊಂದು ಪ್ರಾಂತ್ಯದ ಉಡುಪು. ವೀಣೆ ಹಿಡಿದ ನಾಯರ್ ಹೆಂಗಸು, ಪಾರ್ಸಿ ಸೀರೆಯವಳು, ಹಿಂದೆ ಟೋಪಿ ಹಾಕಿಕೊಂಡ ಆಂಗ್ಲೋ ಇಂಡಿಯನ್. ಈಗ ಅವರ ಕಣ್ಣು ನೋಡಿ. ಇಷ್ಟು ಜನ ಒಟ್ಟಿಗೆ ಕೂತಿದ್ದಾರೆ, ಒಬ್ಬರೂ ಇನ್ನೊಬ್ಬರ ಮುಖ ನೋಡುತ್ತಾ ಮಾತಾಡುತ್ತಿರುವ ಹಾಗೆ ಕಾಣುವುದಿಲ್ಲ. ದೇಶದ ಎಲ್ಲರನ್ನೂ ಒಂದೇ ಚಾಪೆಯ ಮೇಲೆ ಕೂರಿಸುವ ಆಸೆ ಚಿತ್ರಗಾರನದ್ದು, ಕೂತವರಿಗೆ ಪರಿಚಯವೇ ಇಲ್ಲ. ನನಗೆ ಇದರಲ್ಲಿ ಇಷ್ಟವಾಗುವುದೇ ಈ ಮುಜುಗರ.

ಎರಡನೆಯದು ಇಂದ್ರಜಿತುವಿನ ವಿಜಯ, 1905. ಇಂದ್ರನನ್ನು ಗೆದ್ದು ಬಂದ ಮಗ ರಾವಣನ ಮುಂದೆ ತನ್ನ ಗೆಲುವನ್ನು ಒಪ್ಪಿಸುತ್ತಿದ್ದಾನೆ. ಕಂಪನಿ ನಾಟಕದ ಪರದೆ ಈಗ ತಾನೇ ಎದ್ದ ಹಾಗಿದೆ. ಯಾರ ಮೇಲೆ ಬೆಳಕು ಬಿದ್ದಿದೆ, ಯಾರು ನೆರಳಲ್ಲಿದ್ದಾರೆ ಅಂತ ನೋಡಿ. ಗೆದ್ದವನಿಗಿಂತ ಸೋತು ಬಂದವರ ಕಡೆಗೆ ನಿಮ್ಮ ಕಣ್ಣು ಎಷ್ಟು ಸಲ ಹೋಗುತ್ತದೆ ಅಂತಲೂ ಗಮನಿಸಿ.

ಮೂರನೆಯದು ರಾಮ ವರುಣನ ಗರ್ವ ಮುರಿಯುವ ಚಿತ್ರ. ಬಂಡೆಯ ಮೇಲೆ ಬಿಲ್ಲು ಹಿಡಿದ ರಾಮ, ಉಕ್ಕುವ ಕಡಲು. ಪಟಗಳಲ್ಲಿ ರಾಮ ಯಾವಾಗಲೂ ಶಾಂತ, ಇಲ್ಲಿ ಸಿಟ್ಟು ಬಂದಿದೆ. ಅಲೆಯ ನೊರೆಯನ್ನು ಮೊದಲು ದೂರದಿಂದ ನೋಡಿ, ಆಮೇಲೆ ಹತ್ತಿರ ಹೋಗಿ. ಹತ್ತಿರದಿಂದ ಅದು ಬರೀ ಕುಂಚದ ಹೊಡೆತ.

ಸಮಯ ಇದ್ದರೆ ಉಳಿದ ರವಿವರ್ಮನ ಚಿತ್ರಗಳನ್ನೂ ನೋಡಿ. ಇಲ್ಲದಿದ್ದರೆ ಬೇಡ.

6. ದೀಪದ ಹೆಂಗಸು: ಮೂರು ತಪ್ಪು ತಿಳಿವಳಿಕೆ

ಕತ್ತಲೆ ಕೋಣೆಯಲ್ಲಿ ಇಟ್ಟು ತೋರಿಸುವ ಚಿತ್ರ ಇದು. ಇಲ್ಲೇ ಎಲ್ಲರೂ ಗುಂಪು ಕಟ್ಟುವುದು.

ಮೊದಲನೆಯ ತಪ್ಪು, ಇದು ರವಿವರ್ಮನದ್ದು ಅನ್ನುವುದು. ಅಲ್ಲವೇ ಅಲ್ಲ. ವಾಟ್ಸಾಪಿನಲ್ಲಿ ಹಾಗೇ ಓಡಾಡುತ್ತಿದೆ, ನಂಬಬೇಡಿ. ಬರೆದವರು ಎಸ್.ಎಲ್. ಹಲ್ದಂಕರ್ (1882–1968), ಸಾವಂತವಾಡಿ ಕಡೆಯವರು, ಮುಂಬೈಯ ಜೆ.ಜೆ. ಕಲಾಶಾಲೆಯಲ್ಲಿ ಕಲಿತವರು. ಬರೆದದ್ದು 1940ರ ದಶಕದಲ್ಲಿ, ರವಿವರ್ಮ ತೀರಿಕೊಂಡು ನಾಲ್ಕು ದಶಕ ಆಗುತ್ತಾ ಬಂದಾಗ. ದೀಪ ಹಿಡಿದು ನಿಂತವರು ಅವರ ಮಗಳು ಗೀತಾ. ನೂರು ದಾಟಿ ಬದುಕಿದ್ದು 2018ರಲ್ಲಿ ಕೊಲ್ಹಾಪುರದಲ್ಲಿ ತೀರಿಕೊಂಡರು.

ಎರಡನೆಯದು, ಇದು ಎಣ್ಣೆ ಬಣ್ಣ ಅನ್ನುವುದು. ಇದು ಜಲವರ್ಣ, ನೀರಿನಲ್ಲಿ ಕರಗಿಸಿ ಕಾಗದದ ಮೇಲೆ ಬರೆಯುವ ಬಣ್ಣ. ಎಣ್ಣೆ ಬಣ್ಣದಲ್ಲಿ ತಪ್ಪಾದರೆ ಮೇಲೆ ಇನ್ನೊಂದು ಪದರ ಬಳಿದು ಮುಚ್ಚಬಹುದು. ಜಲವರ್ಣದಲ್ಲಿ ಆ ಅನುಕೂಲ ಇಲ್ಲ. ಅತಿ ಬೆಳಕಿನ ಜಾಗ ಬೇಕಿದ್ದರೆ ಅಲ್ಲಿ ಬಣ್ಣವನ್ನೇ ಹಚ್ಚದೆ, ಅಥವಾ ತೀರಾ ತೆಳುವಾಗಿ ಹಚ್ಚಿ, ಕಾಗದದ ಬಿಳಿಯನ್ನು ಉಳಿಸಿಕೊಳ್ಳಬೇಕು. ಅಂದರೆ ಎಲ್ಲಿ ಬರೆಯಬಾರದು ಅನ್ನುವುದು ಮೊದಲೇ ಗೊತ್ತಿರಬೇಕು!

ಮೂರನೆಯದು, ಹಿಂದೆ ಬಲ್ಬ್ ಇಟ್ಟಿದ್ದಾರೆ ಅನ್ನುವುದು. ಏನೂ ಇಲ್ಲ. ದೀಪಕ್ಕೆ ಮರೆಯಾಗಿ ಹಿಡಿದ ಕೈ ನೋಡಿ, ಬೆರಳುಗಳ ಸಂದಿಯಲ್ಲಿ ಕೆಂಪು ಹೊಳೆಯುತ್ತದೆ. ಕತ್ತಲಲ್ಲಿ ಟಾರ್ಚಿನ ಮೇಲೆ ಅಂಗೈ ಇಟ್ಟು ನೋಡಿ, ಅದೇ ಕೆಂಪು. ಹಲ್ದಂಕರ್ ಅದನ್ನು ಸರಿಯಾಗಿ ಗಮನಿಸಿದ್ದಾರೆ. ಆಮೇಲೆ ಮುಖದ ಮೇಲಿನ ಹೊನ್ನಿನ ಬಣ್ಣ, ಸೀರೆ ಹಿಂದಕ್ಕೆ ಹೋದಂತೆಲ್ಲ ಕಪ್ಪಾಗುವುದು. ಬೆಳಕು ಕಾಣುವುದು ಸುತ್ತಲಿನ ಕತ್ತಲಿನಿಂದ.

ಗುಂಪಿನ ಜೊತೆ ಒಳಗೆ ಹೋಗಬೇಡಿ. ಅದು ಹೊರಗೆ ಬರುವ ತನಕ ಕಾಯಿರಿ. ಒಳಗೆ ಹೋದಮೇಲೂ ಅರ್ಧ ನಿಮಿಷ ಸುಮ್ನೆ ನಿಲ್ಲಿ, ಕಣ್ಣು ಕತ್ತಲಿಗೆ ಒಗ್ಗಲಿ, ಆಮೇಲೆ ನೋಡಲು ಶುರು ಮಾಡಿ. ಮೊಬೈಲ್ ಟಾರ್ಚ್ ಹಾಕುವವರನ್ನು ಕಂಡರೆ ದಯವಿಟ್ಟು ಬೇಡ ಅನ್ನಿ. ಜಲವರ್ಣ ಜಾಸ್ತಿ ಬೆಳಕಿಗೆ ಮಾಸುತ್ತದೆ, ಮಾಸಿದ್ದು ವಾಪಸ್ ಬರುವುದಿಲ್ಲ.

7. ಉಳಿದದ್ದು

ರಷ್ಯಾದ ಚಿತ್ರಗಾರರಾದ ರೋರಿಕ್ ಅಪ್ಪ ಮಗ ಇಬ್ಬರ ಚಿತ್ರಗಳೂ ಇಲ್ಲಿನ ಸಂಗ್ರಹದಲ್ಲಿವೆ. ಅಪ್ಪ ನಿಕೊಲಸ್ ಅಂದರೆ ಹಿಮಾಲಯ, ಚಪ್ಪಟೆ ನೀಲಿ, ನೇರಳೆ. ಮಗ ಸ್ವೆಟೊಸ್ಲಾವ್ ನಮಗೆ ಹತ್ತಿರದವರು, ಸಿನಿಮಾ ನಟಿ ದೇವಿಕಾ ರಾಣಿಯವರ ಗಂಡ, ಬೆಂಗಳೂರಿನ ಕನಕಪುರ ರಸ್ತೆಯ ತಾತಗುಣಿ ಎಸ್ಟೇಟಿನಲ್ಲಿ ಇದ್ದವರು. ರವಿವರ್ಮನ ಚಿತ್ರ ನೋಡಿದ ಮೇಲೆ ಈ ಬೆಟ್ಟಗಳನ್ನು ನೋಡಿದರೆ ಕಣ್ಣಿಗೆ ಬೇರೆ ಊರಿಗೆ ಹೋದ ಹಾಗಾಗುತ್ತದೆ. ಹಳೆಯ ವಾದ್ಯ, ಪೀಠೋಪಕರಣ, ದಂತದ ಕೆಲಸ, ಅಕ್ಕಿ ಕಾಳಿನ ಮೇಲಿನ ಚಿತ್ರ ಎಲ್ಲ ಇವೆ, ನಡೆಯುತ್ತಾ ನೋಡಿ. ಫ್ರೆಂಚ್ ಗಡಿಯಾರದಲ್ಲಿ ಗಂಟೆಗೊಮ್ಮೆ ಪುಟ್ಟ ಸೈನಿಕರ ಕವಾಯತು ಅಂತ ಪ್ರಸಿದ್ಧಿ. ಅದು ನಡೆಯುತ್ತಿದೆಯಾ ಅಂತ ಸಿಬ್ಬಂದಿಯನ್ನು ಕೇಳಿ, ಆ ಹೊತ್ತಿಗೆ ಅಲ್ಲಿ ನಿಲ್ಲಿ.

8. ಮಕ್ಕಳ ಜೊತೆ ಬರುವವರಿಗೆ

ಐವತ್ತು ಮಕ್ಕಳನ್ನು ಒಂದೇ ಸಾಲಿನಲ್ಲಿ ಓಡಿಸಬೇಡಿ. ಹತ್ತು ಹತ್ತು ಮಂದಿಯ ಗುಂಪು ಮಾಡಿ, ಒಂದೊಂದು ಗುಂಪಿಗೆ ಒಂದೊಂದು ಕೆಲಸ ಕೊಡಿ. ಟೋಪಿ ಹಾಕಿದ ಹೆಂಗಸನ್ನು ಹುಡುಕು. ಚಿನ್ನ ಉಬ್ಬಿರುವ ಮೂರು ಜಾಗ ಬರೆದುಕೋ. ಸಿಟ್ಟಿನ ರಾಮನ ಕಾಲು ಎಲ್ಲಿದೆ ನೋಡಿ ಗೆರೆಯಲ್ಲಿ ಬರೆ. ಕಥೆ ಹೇಳುವ ಕೆಲಸ ಬಸ್ಸಿನಲ್ಲೇ ಮುಗಿಸಿ, ಒಳಗೆ ನಿಂತು ಭಾಷಣ ಮಾಡಿದರೆ ಹಿಂದಿನವರಿಗೆ ಕೇಳುವುದೂ ಇಲ್ಲ, ಬೇರೆಯವರಿಗೆ ತೊಂದರೆ ಬೇರೆ.

ಮಂಡ್ಯದಿಂದ ಬರುವವರು ದಾರಿಯಲ್ಲಿ ಶ್ರೀರಂಗಪಟ್ಟಣದ ದರಿಯಾ ದೌಲತ್ ನೋಡಿಕೊಂಡು ಬಂದರೆ ಬಹಳ ಚೆನ್ನ. ಟಿಪ್ಪು 1784ರಲ್ಲಿ ಕಟ್ಟಿಸಿದ ಮರದ ಬೇಸಿಗೆ ಅರಮನೆ ಅದು. ಅಲ್ಲಿನ ಗೋಡೆಯಲ್ಲಿ 1780ರ ಪೊಳ್ಳಿಲೂರು ಯುದ್ಧ ಇದೆ, ಮೇಣೆಯಲ್ಲಿ ಗಾಯಗೊಂಡು ಕೂತ ಬ್ರಿಟಿಷರ ಕರ್ನಲ್ ಬೈಲಿಯನ್ನು ಮಕ್ಕಳು ತಕ್ಷಣ ಹುಡುಕುತ್ತಾರೆ. ಬೆಳಿಗ್ಗೆ ಅದು, ಮಧ್ಯಾಹ್ನ ಜಗನ್ಮೋಹನ. ಗೋಡೆಯಿಂದ ಚೌಕಟ್ಟಿಗೆ ಚಿತ್ರ ಹೇಗೆ ಬಂತು ಅನ್ನುವುದು ಪಾಠ ಮಾಡದೆ ಗೊತ್ತಾಗುತ್ತದೆ.

9. ಆಮೇಲೆ ಎಲ್ಲಿಗೆ

ದೊಡ್ಡ ಅರಮನೆಗೆ ಆ ದಿನವೇ ಹೋಗುವುದಾದರೆ ಕಲ್ಯಾಣ ಮಂಟಪದ ಗೋಡೆಯ ದಸರಾ ಮೆರವಣಿಗೆಯ ಚಿತ್ರಗಳನ್ನು ಈಗ ಬೇರೆ ಕಣ್ಣಿನಿಂದ ನೋಡುತ್ತೀರಿ. ಕೆ. ಕೇಶವಯ್ಯ, ವೈ. ಸುಬ್ರಹ್ಮಣ್ಯರಾಜು ಮೊದಲಾದ ಅರಮನೆ ಚಿತ್ರಗಾರರು 1930–40ರ ದಶಕಗಳಲ್ಲಿ ಬರೆದವು. ಮೆರವಣಿಗೆಯಲ್ಲಿ ಇರುವವರು ಕಾಲ್ಪನಿಕ ಜನ ಅಲ್ಲ, ಆ ಕಾಲದ ನಿಜವಾದ ಮುಖಗಳು. ಭಾನುವಾರ ಬಂದರೆ ಸಂಜೆ ಏಳಕ್ಕೆ ದೀಪಾಲಂಕಾರವೂ ಸಿಗುತ್ತದೆ.

ಬೆಂಗಳೂರಿಗೆ ಹೋದಾಗ ಕಸ್ತೂರಬಾ ರಸ್ತೆಯ ವೆಂಕಟಪ್ಪ ಆರ್ಟ್ ಗ್ಯಾಲರಿಯನ್ನೂ ಪಟ್ಟಿಗೆ ಸೇರಿಸಿ (ತೆರೆದಿದೆಯಾ ಅಂತ ಮೊದಲು ಕೇಳಿ). ಅದು ಚಿತ್ರಕ್ಕಾಗಿಯೇ ಕಟ್ಟಿದ್ದು. ಕೆತ್ತನೆ ಇಲ್ಲ, ಕಮಾನಿಲ್ಲ, ಬರೀ ಸಾದಾ ಗೋಡೆಯ ಆಧುನಿಕ ಕಟ್ಟಡ. ಕೆ. ವೆಂಕಟಪ್ಪ ನಮ್ಮ ಮೈಸೂರು ಅರಮನೆಯ ಚಿತ್ರಗಾರರ ಮನೆತನದವರು, ಕಲ್ಕತ್ತದಲ್ಲಿ ಅವನೀಂದ್ರನಾಥ ಟಾಗೋರರ ಹತ್ತಿರ ಕಲಿತವರು. ಅವರ ಊಟಿ, ಕೊಡೈಕೆನಾಲಿನ ಜಲವರ್ಣಗಳು ಅಲ್ಲಿವೆ. ಜಗನ್ಮೋಹನದಲ್ಲಿ ಕಟ್ಟಡ ಮತ್ತು ಚಿತ್ರ ಎರಡೂ "ನನ್ನ ನೋಡು" ಅನ್ನುತ್ತವೆ, ಅಲ್ಲಿ ಕಟ್ಟಡ ಸುಮ್ಮನಿರುತ್ತದೆ. ಯಾವುದು ಹೆಚ್ಚು ಅಂತ ನಾನು ಹೇಳುವುದಿಲ್ಲ, ನನಗೆ ಮಂಜು ಮುಸುಕಿದ ಆ ಸಣ್ಣ ಊಟಿ ಚಿತ್ರಗಳಿಗೆ ಸಾದಾ ಗೋಡೆಯೇ ಸರಿ.

10. ಮೈಸೂರು ಚಿತ್ರ ಕೊಳ್ಳುವ ಆಸೆ ಬಂದರೆ

ಇಷ್ಟು ನೋಡಿದ ಮೇಲೆ ಆಸೆ ಬರುತ್ತದೆ, ಸಹಜ. ಅದೇ ದಿನ, ಅದೇ ರಸ್ತೆಯಲ್ಲಿ ಕೊಳ್ಳಬೇಡಿ. ಮೈಸೂರು ಸಾಂಪ್ರದಾಯಿಕ ಚಿತ್ರಗಳಿಗೆ 2005ರಲ್ಲಿ ಜಿಐ ಮಾನ್ಯತೆ ಸಿಕ್ಕಿದೆ, ಅಂದರೆ ಈ ಪ್ರದೇಶದ ವಿಶಿಷ್ಟ ವಸ್ತು ಅನ್ನುವ ಕಾನೂನಿನ ಗುರುತು. ಆದರೆ ಅಂಗಡಿಯಲ್ಲಿ ಆ ಹೆಸರು ಹೇಳಿದ್ದೆಲ್ಲ ಅದೇ ಆಗಿರಬೇಕಾಗಿಲ್ಲ. ಕೇಳಬೇಕಾದ್ದು ಇಷ್ಟು: ಇದು ಕೈಯಲ್ಲಿ ಬರೆದದ್ದಾ, ಅಚ್ಚು ಒತ್ತಿ ಮೇಲೆ ಬಣ್ಣ ತುಂಬಿದ್ದಾ? ಚಿನ್ನದ ರೇಕಾ, ಚಿನ್ನದ ಬಣ್ಣದ ಪೇಂಟಾ? ಬರೆದವರು ಯಾರು? ಬಿಲ್ಲಿನಲ್ಲಿ ರೇಕು ಅಂತ ಬರೆದುಕೊಡುತ್ತಾರಾ? ಕೊನೆಯ ಪ್ರಶ್ನೆಗೆ ಮುಖ ನೋಡಿ, ಅರ್ಧ ಉತ್ತರ ಅಲ್ಲೇ ಸಿಗುತ್ತದೆ. ಚಿತ್ರವನ್ನು ಬಾಗಿಲ ಹತ್ತಿರ ತಂದು ಓರೆ ಮಾಡಿ ನೋಡಿ. ಉಬ್ಬು ಎಲ್ಲ ಕಡೆ ಯಂತ್ರದಲ್ಲಿ ಒತ್ತಿದ ಹಾಗೆ ಒಂದೇ ಸಮ ಇದ್ದರೆ ಅನುಮಾನಪಡಿ. ಕೈಯಲ್ಲಿ ಇಟ್ಟ ಚುಕ್ಕಿಗಳು ಅಲ್ಲಲ್ಲಿ ಹೆಚ್ಚುಕಡಿಮೆ ಆಗಿಯೇ ಇರುತ್ತವೆ. ಮನೆಗೆ ತಂದಮೇಲೆ ಬಿಸಿಲು ಬೀಳುವ ಗೋಡೆ, ಅಡುಗೆಮನೆಯ ಪಕ್ಕದ ಗೋಡೆ ಎರಡೂ ಬೇಡ. ಒದ್ದೆ ಬಟ್ಟೆಯಿಂದ ಒರೆಸಬೇಡಿ, ಗಾಜಿನ ಮೇಲೆ ಒಣ ಬಟ್ಟೆ ಸಾಕು.